ಸಮನ್ಸಿನಲ್ಲಿ ಎಷ್ಟು ಹೆಸರು?

ವರದಕ್ಷಿಣೆ ಕಿರುಕುಳದ ಎಷ್ಟೋ ಮೊಕದ್ದಮೆಗಳಲ್ಲಿ ಸಮನ್ಸ್ ಗಂಡನೊಬ್ಬನಿಗೇ ಬರುವುದಿಲ್ಲ. ಅತ್ತೆ, ಮಾವ, ಮೈದುನ, ಕೆಲವೊಮ್ಮೆ ಮದುವೆಯಾಗಿ ಬೇರೆ ಊರು ಸೇರಿದ ನಾದಿನಿಗೂ ಬರುತ್ತದೆ. 1983ರಲ್ಲಿ ದಂಡ ಸಂಹಿತೆಗೆ ಸೇರಿದ 498-ಎ ಕಲಮಿನಲ್ಲಿ ಗಂಡನ ಜೊತೆಗೆ ಅವನ ಸಂಬಂಧಿಕರೂ ಇದ್ದರು. 2024ರ ಜುಲೈ 1ರಂದು ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯ 85ನೇ ಕಲಮಿನಲ್ಲೂ ಇದ್ದಾರೆ. ಶಿಕ್ಷೆ ಮೂರು ವರ್ಷದವರೆಗೆ.

ಸಮನ್ಸ್ ಬಂದ ಮಾತ್ರಕ್ಕೆ ಯಾರೂ ಅಪರಾಧಿಯಲ್ಲ. ವಿಚಾರಣೆಗೆ ಸಾಕಷ್ಟು ಆಧಾರವಿದೆ ಎಂದು ಮ್ಯಾಜಿಸ್ಟ್ರೇಟರಿಗೆ ಕಂಡಿದೆ ಎಂದಷ್ಟೇ ಅದರ ಅರ್ಥ. ಆದರೆ ಆರೋಪಿಯನ್ನು ಕಟಕಟೆಗೆ ಕರೆಯುವುದು ಗಂಭೀರ ಸಂಗತಿ, ಮನಸ್ಸಿಟ್ಟು ಪರಿಶೀಲಿಸದೆ ಅದನ್ನು ಮಾಡಬಾರದು ಎಂದು ಸುಪ್ರೀಂ ಕೋರ್ಟ್ 1997ರಲ್ಲಿ ಹೇಳಿತು. ಆ ಮೊಕದ್ದಮೆ ನಡೆದದ್ದು ತಂಪು ಪಾನೀಯದ ಒಂದು ಬಾಟಲಿಯ ಕುರಿತು! ಸಂಸಾರದ ವ್ಯಾಜ್ಯಗಳಲ್ಲೂ ವಕೀಲರು ಆ ತೀರ್ಪನ್ನು ಮುಂದಿಡುವುದುಂಟು.

ಒಮ್ಮೆ ಹೊರಡಿಸಿದ ಸಮನ್ಸನ್ನು ಮ್ಯಾಜಿಸ್ಟ್ರೇಟರು ತಾವೇ ಹಿಂತೆಗೆದುಕೊಳ್ಳುವಂತಿಲ್ಲ. 2004ರಲ್ಲಿ ಇದು ಇತ್ಯರ್ಥವಾಯಿತು. ಮೊಕದ್ದಮೆಯನ್ನೇ ರದ್ದುಪಡಿಸಿ ಎಂದು ಕೇಳುವವರು ಹೈಕೋರ್ಟಿನ ಅಂತರ್ಗತ ಅಧಿಕಾರವನ್ನು ನೆಚ್ಚಬೇಕು. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ ಅದು 482ನೇ ಕಲಮಿನಲ್ಲಿತ್ತು, ಈಗಿನ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 528ನೆಯದು.

ಅಲ್ಲಿ ಸಾಕ್ಷಿಗಳನ್ನು ತೂಗಿ ನೋಡುವುದಿಲ್ಲ. ದೂರಿನಲ್ಲಿ ಬರೆದಿರುವುದೆಲ್ಲ ನಿಜವೆಂದೇ ಇಟ್ಟುಕೊಂಡರೂ ಈ ವ್ಯಕ್ತಿಯ ಮೇಲೆ ಅಪರಾಧ ಕಾಣುತ್ತದೆಯೇ ಎಂಬುದಷ್ಟೇ ಮುಖ್ಯ ಪ್ರಶ್ನೆ. 2012ರಲ್ಲಿ ಉತ್ತರ ಪ್ರದೇಶದ ಒಂದು ಪ್ರಕರಣದಲ್ಲಿ ಗಂಡನ ಅಣ್ಣ ಮತ್ತು ಅವಿವಾಹಿತ ಅಕ್ಕತಂಗಿಯರಲ್ಲೊಬ್ಬಳ ಹೆಸರು ದೂರಿನಲ್ಲಿತ್ತು, ಆದರೆ ಅವರು ಮಾಡಿದ್ದೇನು ಎಂಬುದಿರಲಿಲ್ಲ. ಸುಪ್ರೀಂ ಕೋರ್ಟ್ ಅವರಿಬ್ಬರ ಮೇಲಿನ ಮೊಕದ್ದಮೆಯನ್ನು ತೆಗೆದುಹಾಕಿತು.

ಇದು ನ್ಯಾಯವೇ, ಸಂದೇಹವಿಲ್ಲ. ಆದರೆ ಅಡುಗೆಮನೆಯಲ್ಲಿ ಅನುಭವಿಸಿದ ಮಾತಿನ ಏಟುಗಳಿಗೆ ಯಾವ ಹೆಣ್ಣು ತಾರೀಖು ಬರೆದಿಡುತ್ತಾಳೆ? ತವರಿಗೆ ಬಂದು, ಗಾಬರಿಯಲ್ಲಿ ಠಾಣೆಯ ಮೆಟ್ಟಿಲು ಹತ್ತಿದವಳ ಪರವಾಗಿ ದೂರು ಬರೆಯುವವರು ಬೇರೆಯವರೇ. 'ಎಲ್ಲರೂ ಸೇರಿ ಹಿಂಸಿಸಿದರು' ಎಂಬ ಒಂದು ಸಾಲಿನಲ್ಲಿ ಮುಗಿಸಿದರೆ, ನಿಜವಾಗಿ ಒಡವೆಗಾಗಿ ಪೀಡಿಸಿದ ಅತ್ತೆಯೂ, ಏನೂ ಅರಿಯದ ನಾದಿನಿಯೂ ಒಂದೇ ಬಾಗಿಲಿನಿಂದ ಹೊರಬಂದಾರು. ಅತ್ತೆ ಏನು ಕೇಳಿದಳು, ಮೈದುನ ಎಂದು, ಯಾರೆದುರು ಬೆದರಿಸಿದ ಎಂಬುದನ್ನು ಮೊದಲ ಹೇಳಿಕೆಯಲ್ಲೇ ಬರೆಸುವುದು ಇದಕ್ಕಾಗಿಯೇ ಅಗತ್ಯ. ಗಂಡನ ಊರಿಗೇ ಹೋಗಿ ದೂರು ಕೊಡಬೇಕಾಗಿಲ್ಲ; ಆಶ್ರಯ ಪಡೆದ ತವರೂರಿನಲ್ಲೂ ಕೊಡಬಹುದೆಂದು 2019ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ.

ಸಂಬಂಧಿಕರ ಹೆಸರು ಬಿದ್ದುಹೋದರೂ ಗಂಡನ ಮೇಲಿನ ಆರೋಪ ತಾನಾಗಿ ಬೀಳುವುದಿಲ್ಲ. ಅವನ ವಿಚಾರಣೆ ಕೆಳಗಿನ ಕೋರ್ಟಿನಲ್ಲೇ ನಡೆಯುತ್ತದೆ. ಹೈಕೋರ್ಟ್ ಇಡೀ ಮೊಕದ್ದಮೆಗೆ ತಡೆಯಾಜ್ಞೆ ಕೊಟ್ಟಿದ್ದರೆ ಮಾತ್ರ, ಅದು ತೆರವಾಗುವವರೆಗೆ ಅವಳ ಸಾಕ್ಷ್ಯದ ದಿನವೂ ಮುಂದಕ್ಕೆ ಹೋಗುತ್ತದೆ.