ವಾದವೇ ಇಲ್ಲದೆ ವಜಾ

ಒಂದು ಮಾತೂ ವಾದ ಮಾಡದೆ ಅಪೀಲು ಸೋಲಬಹುದಾ?

ಸೋಲಬಹುದು!

ಜಮೀನಿನ ದಾವೆ ಸೋತವರು ಅಪೀಲು ಹಾಕುತ್ತಾರೆ.
ಕಾಗದ ಮೊದಲು ಹೋಗುವುದು ಜಡ್ಜ್ ಮುಂದಲ್ಲ, ಕಚೇರಿಯ ಮೇಜಿಗೆ.
ಅಲ್ಲಿ ನೋಡುವುದು ನ್ಯಾಯ ಯಾರ ಕಡೆಗಿದೆ ಅಂತಲ್ಲ, ದುಡ್ಡು ಸರಿಯಾಗಿದೆಯಾ ಅಂತ.
ಕೋರ್ಟ್ ಫೀ ಕಡಿಮೆ ಬಿತ್ತೋ,
ಫೈಲಿಗೆ ‘ಆಫೀಸ್ ಆಬ್ಜೆಕ್ಷನ್’ ಅಂಟಿಕೊಳ್ಳುತ್ತೆ.

ಕರ್ನಾಟಕದಲ್ಲಿ ಈ ಶುಲ್ಕ ನಿಗದಿ ಮಾಡುವುದು 1958ರ ಕಾಯ್ದೆ.

ಆಬ್ಜೆಕ್ಷನ್ ಬಿತ್ತು ಅಂತ ಅಂದೇ ಕಥೆ ಮುಗಿಯಲ್ಲ.
ಬಸ್ಸಲ್ಲಿ ಚಿಲ್ಲರೆ ಕಡಿಮೆಯಾದರೆ ಒಳ್ಳೇ ಕಂಡಕ್ಟರ್ ಏನಂತಾರೆ?
“ಕೂತ್ಕೊಳ್ಳಿ, ಇಳಿಯೋದ್ರೊಳಗೆ ಕೊಡಿ.”
ಸಿವಿಲ್ ಪ್ರಕ್ರಿಯಾ ಸಂಹಿತೆಯ 149ನೇ ಕಲಮು ಅಂಥ ಕಂಡಕ್ಟರ್.
ಕೋರ್ಟ್ ಒಪ್ಪಿ ಟೈಮ್ ಕೊಟ್ಟು, ಅಷ್ಟರೊಳಗೆ ಬಾಕಿ ಕಟ್ಟಿದರೆ,
ಮೊದಲ ದಿನವೇ ಪೂರ್ತಿ ಕಟ್ಟಿದ ಲೆಕ್ಕ.

ಗಡುವು ದಾಟಿದರೆ? ಅಪೀಲು ತಿರಸ್ಕೃತ.
ಬಹಳ ಜನ ಎಡವುವುದು ಇಲ್ಲೇ. ಕಾನೂನು ಗೊತ್ತಿಲ್ಲದೆ ಅಲ್ಲ, ಕೈಯಲ್ಲಿ ಕಾಸಿಲ್ಲದೆ.

ಕೇರಳದ ಒಬ್ಬರಿಗೆ ಆಗಿದ್ದೂ ಇದೇ.
ಬಾಕಿ ಶುಲ್ಕ ಕಟ್ಟಲಾಗದೆ ಅವರ ದಾವೆಯೇ ವಜಾ ಆಯಿತು.
ಹೈಕೋರ್ಟ್‌ಗೆ ಹೋದರೆ, ‘ತಡವಾಗಿ ಬಂದಿರಿ’ ಅಂತ ಅಲ್ಲೂ ಬಾಗಿಲು ಮುಚ್ಚಿತು.
2013ರಲ್ಲಿ ಸುಪ್ರೀಂ ಕೋರ್ಟ್ ಆ ಆದೇಶಗಳನ್ನು ರದ್ದು ಮಾಡಿತು.
ಬಡತನ ನ್ಯಾಯಕ್ಕೆ ಅಡ್ಡಿಯಾಗಬಾರದು,
ಕಾನೂನು ನೆರವಿನ ದಾರಿ ಇದೆ ಎಂದಿತು.

ದುಡ್ಡೇ ಇಲ್ಲದವರು ನಿರ್ಗತಿಕರೆಂದು ಅರ್ಜಿ ಹಾಕಿಯೂ ಅಪೀಲು ಮಾಡಬಹುದು.
ಅದು ಅದೇ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 44.
ಆದರೆ ಸಾಮಾನ್ಯವಾಗಿ ಕೋರ್ಟ್ ವಿಚಾರಿಸದೆ ನಂಬಲ್ಲ.

ಮಹಿಳೆಯರಿಗೆ, ಪರಿಶಿಷ್ಟ ಜಾತಿ–ಪಂಗಡದವರಿಗೆ ಆದಾಯದ ಮಿತಿಯಿಲ್ಲದೆ ಉಚಿತ ಕಾನೂನು ನೆರವಿದೆ.
ಗಡುವು ಮುಗಿಯುವ ಮುಂಚೆ ಫೋನ್ ಮಾಡಿ: 15100.