ವೇಷದೊಳಗಿನ ವಿಮರ್ಶೆ

ಚಿತ್ರಕಾರ ರವಿವರ್ಮ ಬರೆದ, ಕಮಲದ ಮೇಲೆ ನಿಂತ ಲಕ್ಷ್ಮಿಯನ್ನು ಕಾಣದ ಕನ್ನಡಿಗರು ವಿರಳ. 1894ರಲ್ಲಿ ಮುಂಬಯಿಯಲ್ಲಿ ಆರಂಭವಾದ ಆತನ ಮುದ್ರಣಾಲಯವು, ಅರಮನೆಯ ಭಿತ್ತಿಗೆ ಮೀಸಲಾಗಿದ್ದ ದೇವತಾರೂಪವನ್ನು ಬಡವನ ದೇವರಮನೆಗೂ ತಲಪಿಸಿದುದಲ್ಲದೆ, ದೇವಿಯ ಮುಖ ಹೀಗೆಯೇ ಇರತಕ್ಕದ್ದೆಂಬ ನಂಬಿಕೆಯನ್ನೂ ಅದರೊಡನೆ ಹಂಚಿತು. ಆ ದೇವಿಯ ಸ್ಥಾನದಲ್ಲಿ, ಅವಳದೇ ಸೀರೆ ಕಿರೀಟಗಳನ್ನು ಧರಿಸಿ, ತಾವೇ ನಿಂತು ಛಾಯಾಚಿತ್ರ ತೆಗೆಸಿಕೊಂಡವರು ಬೆಂಗಳೂರಿನ ಕಲಾವಿದೆ ಪುಷ್ಪಮಾಲಾ ಎನ್.

1956ರಲ್ಲಿ ಬೆಂಗಳೂರಿನಲ್ಲಿ ಜನಿಸಿ, ಬರೋಡೆಯ ಮಹಾರಾಜಾ ಸಯಾಜಿರಾವ್ ವಿಶ್ವವಿದ್ಯಾಲಯದಲ್ಲಿ ಶಿಲ್ಪಕಲೆಯನ್ನು ಅಭ್ಯಸಿಸಿದ ಈಕೆ, ಮೊದಲು ಸುಟ್ಟ ಮಣ್ಣಿನ ಶಿಲ್ಪಗಳಿಂದ ಖ್ಯಾತರಾದವರು. ತೊಂಬತ್ತರ ದಶಕದ ನಡುಭಾಗದಲ್ಲಿ ಮಣ್ಣನ್ನು ಬಿಟ್ಟು ಸ್ವಶರೀರವನ್ನೇ ಮಾಧ್ಯಮವಾಗಿ ಕೈಗೊಂಡರು. ‘ಫ್ಯಾಂಟಮ್ ಲೇಡಿ ಅಥವಾ ಕಿಸ್ಮತ್’ ಎಂಬ ಕಪ್ಪು-ಬಿಳುಪು ಚಿತ್ರಮಾಲೆಯಲ್ಲಿ, ‘ಹಂಟರ್‌ವಾಲಿ’ ಚಲಚ್ಚಿತ್ರದ ನಾಯಿಕೆ ನಾಡಿಯಾಳನ್ನು ನೆನಪಿಸುವ ಮುಖವಾಡದ ಸಾಹಸಿಯೂ ಅವರೇ, ಆಕೆಯ ಅವಳಿಯಾದ ವಿಲಾಸಿನಿಯೂ ಅವರೇ. ಚಲಚ್ಚಿತ್ರವು ಸದಾ ಎರಡಾಗಿ ಸೀಳಿ ತೋರಿಸುವ ಹೆಣ್ಣು ಇಲ್ಲಿ ಒಂದೇ ದೇಹದೊಳಗೆ ತನ್ನನ್ನು ತಾನೇ ಇದಿರುಗೊಳ್ಳುತ್ತಾಳೆ.

ಈ ವಿಚಾರವು ಪೂರ್ಣ ವಿಸ್ತಾರವನ್ನು ಪಡೆದದ್ದು, ಬೆಂಗಳೂರಿನ ಛಾಯಾಗ್ರಾಹಕಿ ಕ್ಲೇರ್ ಆರ್ನಿಯವರೊಡನೆ 2000ರಿಂದ 2004ರವರೆಗೆ ನಿರ್ಮಿಸಿದ ‘ದಕ್ಷಿಣ ಭಾರತದ ಸ್ಥಳೀಯ ಸ್ತ್ರೀಯರು: ಆಚಾರ ವಿಚಾರಗಳು’ ಎಂಬ ಮಾಲೆಯಲ್ಲಿ. ರವಿವರ್ಮನ ನಾಯಿಕೆಯರು, ಬಿಜಾಪುರದ ಚಿಕಣಿ ಚಿತ್ರದ ಯೋಗಿನಿ, ತಮಿಳು ಚಲಚ್ಚಿತ್ರದ ಜಯಲಲಿತಾ, ಕಳವಿನ ಆರೋಪದ ಮೇಲೆ ಸೆರೆಸಿಕ್ಕ ಸ್ತ್ರೀಯರ ಪತ್ರಿಕಾಚಿತ್ರ, ಅಳತೆಯ ಚೌಕಳಿ ಪರದೆಯ ಮುಂದೆ ನಿಲ್ಲಿಸಿ ವಸಾಹತು ಕಾಲದ ವಿದ್ವಾಂಸರು ತೆಗೆಸಿದ ಬುಡಕಟ್ಟಿನವರ ಭಾವಚಿತ್ರ—ಇವೆಲ್ಲವೂ ಅಲ್ಲಿ ಪುನರವತರಿಸಿವೆ. ಹೀಗೆ ಸಾಲಾಗಿ ನೋಡುವಾಗ, ಒಂದೇ ಮುಖವು ಒಂದೆಡೆ ಪೂಜ್ಯವಾಗಿಯೂ, ಒಂದೆಡೆ ಮೋಹಕವಾಗಿಯೂ, ಮತ್ತೊಂದೆಡೆ ದಂಡನಾರ್ಹವಾಗಿಯೂ ತೋರುವುದು ಮುಖದ ಗುಣದಿಂದಲ್ಲ, ಅದನ್ನು ನಿಲ್ಲಿಸಿದ ಬಗೆಯಿಂದ ಎಂಬುದು ಮನದಟ್ಟಾಗುತ್ತದೆ.

ಇದು ನಕಲಲ್ಲವೆ ಎಂದು ಕೇಳುವವರುಂಟು. ಆದರೆ ನಕಲು ತನ್ನ ಕೃತಕತೆಯನ್ನು ಮುಚ್ಚಿಡಲು ಹವಣಿಸಿದರೆ, ಇಲ್ಲಿ ಬಣ್ಣ ಬಳಿದ ಪರದೆಯೂ ರಟ್ಟಿನ ಒಡವೆಯೂ ಹಗಲುವೇಷದವನ ಗಡ್ಡದಂತೆ ನಿಸ್ಸಂಕೋಚವಾಗಿ ಬಯಲಿನಲ್ಲಿವೆ. ತೆರೆಯ ಹಿಂದಣ ಸಿದ್ಧತೆಯ ಚಿತ್ರಗಳೂ ಮಾಲೆಯ ಅಂಗವಾಗಿಯೇ ಸೇರಿವೆ. ನಾವು ಸಹಜವೆಂದು ನಂಬಿದ್ದ ಮೂಲಚಿತ್ರವೂ ಹೀಗೆಯೇ ಕಟ್ಟಿದ್ದೆಂಬುದನ್ನು ಒಂದು ಮಾತೂ ಆಡದೆ ತಿಳಿಸುವ ಈ ಕ್ರಮವು ವಿಮರ್ಶೆಯಲ್ಲದೆ ಮತ್ತೇನು?

ಆದರೂ ಒಂದು ಅಂತರವನ್ನು ಮರೆಯಲಾಗದು. ಪುಷ್ಪಮಾಲಾ ಸ್ವೇಚ್ಛೆಯಿಂದ ಚೌಕಟ್ಟಿನೊಳಗೆ ಬಂದವರು. ಕೆಲಸ ಮುಗಿದೊಡನೆ ವೇಷ ಕಳಚಬಲ್ಲರು. ಚೌಕಳಿ ಪರದೆಯ ಮುಂದೆ ನಿಂತವಳಿಗಾಗಲಿ, ಪತ್ರಿಕೆಯಲ್ಲಿ ಅಚ್ಚಾದ ಆರೋಪಿಗಾಗಲಿ ಆ ಸ್ವಾತಂತ್ರ್ಯವಿರಲಿಲ್ಲ. ಇಂದು ಪ್ರತಿಯೊಬ್ಬರೂ ತಮ್ಮ ಚಿತ್ರವನ್ನು ತಾವೇ ತೆಗೆದು ಹಂಚುವಾಗ ಈ ಕೃತಿಗಳು ಹಳತಾಗದಿರುವುದಕ್ಕೆ ಇದೇ ಕಾರಣ: ಚಿತ್ರದಲ್ಲಿರುವವರು ಯಾರೆಂದಷ್ಟೇ ಕೇಳಿ ತೃಪ್ತರಾಗದೆ, ಅವರನ್ನು ಹಾಗೆ ನಿಲ್ಲಿಸಿದವರು ಯಾರೆಂದೂ ಕೇಳಲು ಅವು ನಮ್ಮನ್ನು ಪಳಗಿಸುತ್ತವೆ.