ನೆತ್ತಿಯ ಆಟ, ಬುಡದ ನೀರು: ಕಾಸರಗೋಡಿನ ಸಣ್ಣ ಗುಡ್ಡೆಗಳು ಮತ್ತು ಪ್ರವಾಸೋದ್ಯಮ

ಈ ಸರಣಿಯಲ್ಲಿ ನನ್ನ ಪಾಲಿಗೆ ಬಂದ ವಿಷಯ ‘ಸಣ್ಣ ಬೆಟ್ಟ, ಸಣ್ಣ ಸ್ಕೀ ರೆಸಾರ್ಟ್’. ನಮ್ಮ ಜಿಲ್ಲೆಯಲ್ಲಿ ಹಿಮವೆಲ್ಲಿ ಬೀಳುತ್ತದೆ ಅಂತ ನೀವು ಕೇಳಬಹುದು. ನಿಜ, ಇಲ್ಲಿ ಬೀಳುವುದು ಮಳೆ, ವರ್ಷಕ್ಕೆ ಸುಮಾರು 3500 ಮಿಲಿಮೀಟರ್. ಆದರೂ ಒಂದು ಪ್ರಶ್ನೆ ಅಲ್ಲಿಗೂ ಇಲ್ಲಿಗೂ ಸಮಾನ: ಬೆಟ್ಟದ ನೆತ್ತಿಯನ್ನು ವಿಹಾರಕ್ಕೆ ಬಿಟ್ಟುಕೊಟ್ಟಾಗ, ಅದರ ಬುಡದಲ್ಲಿ ಬದುಕುವವರಿಗೆ ಏನಾಗುತ್ತದೆ? ಈ ಪ್ರಬಂಧದಲ್ಲಿ ನಾನು ಹೇಳಹೊರಟಿರುವುದು ಇಷ್ಟೇ: ಕಾಸರಗೋಡಿನ ಗುಡ್ಡೆಗಳ ಮಟ್ಟಿಗೆ ಇದು ಮೊದಲು ನೀರಿನ ಪ್ರಶ್ನೆ, ಆಮೇಲೆ ಪ್ರವಾಸೋದ್ಯಮದ ಪ್ರಶ್ನೆ.

ಹಿಮದ ಉದಾಹರಣೆಯಿಂದಲೇ ಶುರು ಮಾಡೋಣ. ಸ್ಕೀ ರೆಸಾರ್ಟ್ ಅಂದರೆ ಒಂದು ಇಳಿಜಾರು, ಜನರನ್ನು ಮೇಲಕ್ಕೊಯ್ಯುವ ಲಿಫ್ಟ್, ಒಂದು ರಸ್ತೆ, ಒಂದು ಋತು. ಹಿಮ ಸಾಲದಿದ್ದರೆ ನೀರನ್ನು ಸಣ್ಣ ಹನಿಗಳಾಗಿ ಚಳಿಗಾಳಿಗೆ ಚಿಮ್ಮಿಸಿ ಯಂತ್ರದಿಂದ ಹಿಮ ಮಾಡುತ್ತಾರೆ. ಅದಕ್ಕೆ ಬೆಟ್ಟದ ಮೇಲೆಯೇ ಕೆರೆ ಬೇಕಾಗುತ್ತದೆ. ಉತ್ತರಾಖಂಡದ ಔಲಿಯಲ್ಲಿ 2011ರ ದಕ್ಷಿಣ ಏಷ್ಯಾ ಚಳಿಗಾಲದ ಕ್ರೀಡಾಕೂಟದ ಹೊತ್ತಿಗೆ ಇಂಥ ಯಂತ್ರಗಳೂ ಕೃತಕ ಕೆರೆಯೂ ಬಂದವು. ಔಲಿಯ ಬುಡದಲ್ಲಿರುವ ಊರು ಜೋಶಿಮಠ. ಎರಡರ ನಡುವೆ ಸುಮಾರು 4 ಕಿಲೋಮೀಟರ್ ಉದ್ದದ ರೋಪ್‌ವೇ ಇದೆ. ಜೋಶಿಮಠ ನಿಂತಿರುವುದು ಹಳೆಯ ಭೂಕುಸಿತದ ಮಣ್ಣಿನ ಮೇಲೆ, ಅಲ್ಲಿ ಭಾರೀ ಕಟ್ಟಡ ಸಲ್ಲದು ಎಂದು ಮಿಶ್ರಾ ಸಮಿತಿ 1976ರಲ್ಲೇ ಎಚ್ಚರಿಸಿತ್ತು. 2023ರ ಜನವರಿಯಲ್ಲಿ ಅಲ್ಲಿನ ನೂರಾರು ಮನೆಗಳು ಬಿರುಕುಬಿಟ್ಟವು, ರೋಪ್‌ವೇ ನಿಲ್ಲಿಸಬೇಕಾಯಿತು. ಇದಕ್ಕೆಲ್ಲ ಸ್ಕೀ ಆಟವೇ ಕಾರಣ ಅಂತ ನಾನು ಹೇಳುತ್ತಿಲ್ಲ. ನೆತ್ತಿಯನ್ನೂ ಬುಡವನ್ನೂ ಬೇರೆ ಬೇರೆ ಕಡತದಲ್ಲಿಟ್ಟು ನೋಡುವ ಅಭ್ಯಾಸವನ್ನು ತೋರಿಸುತ್ತಿದ್ದೇನೆ, ಅಷ್ಟೆ.

ಈಗ ನಮ್ಮ ಜಿಲ್ಲೆಗೆ ಬರೋಣ. ಇಲ್ಲಿ ಎರಡು ಬಗೆಯ ಎತ್ತರಗಳಿವೆ. ಪೂರ್ವಕ್ಕೆ, ಕಾಞಂಗಾಡಿನಿಂದ ಪಾಣತ್ತೂರಿಗೆ ಹೋಗುವ ದಾರಿಯಲ್ಲಿ ತಿರುಗಿದರೆ ರಾಣಿಪುರಂ. ಪನತ್ತಡಿ ಪಂಚಾಯತಿನ ಈ ಮಲೆಗೆ ಹಿಂದೆ ಮಡತ್ತುಮಲ ಎಂಬ ಹೆಸರಿತ್ತು. 1970ರಲ್ಲಿ ಕೋಟ್ಟಯಂ ಧರ್ಮಪ್ರಾಂತ್ಯ ಇಲ್ಲಿ ಜಾಗ ಕೊಂಡು ಕ್ರೈಸ್ತ ಕುಟುಂಬಗಳನ್ನು ನೆಲೆಗೊಳಿಸಿದ ಮೇಲೆ ಹೆಸರು ಬದಲಾಯಿತು. ಕಣಿವೆಗಳಲ್ಲಿ ಶೋಲಾ ಕಾಡು, ನೆತ್ತಿಯಲ್ಲಿ ಹುಲ್ಲುಗಾವಲು, ಆಚೆಗೆ ಕೊಡಗಿನ ತಲಕಾವೇರಿ ವನ್ಯಧಾಮದ ಕಾಡು. ಚಾರಣಕ್ಕೆ ಬರುವವರಿಗೆ ಅರಣ್ಯ ಇಲಾಖೆ ಮತ್ತು ಸ್ಥಳೀಯ ವನ ಸಂರಕ್ಷಣಾ ಸಮಿತಿಯ ಟಿಕೆಟ್ ಉಂಟು. ಕೆಳಗೆ ಉಳಿದುಕೊಳ್ಳಲು ಕೊಠಡಿಗಳಿವೆ. ಅಂದರೆ ಇದು ನಮ್ಮ ಜಿಲ್ಲೆಯ ‘ಸಣ್ಣ ಬೆಟ್ಟ, ಸಣ್ಣ ರೆಸಾರ್ಟ್’.

ಇನ್ನೊಂದು ಬಗೆ ಉತ್ತರದ್ದು, ನಮ್ಮ ಕನ್ನಡ, ತುಳು ಮಾತಿನ ಕಡೆಯದು: ಮಂಜೇಶ್ವರ ತಾಲೂಕಿನ ಪೈವಳಿಕೆ ಪಂಚಾಯತಿನ ಪೊಸಡಿ ಗುಂಪೆಯಂಥ ಗುಡ್ಡೆಗಳು. ಎತ್ತರ ಸಾವಿರ ಅಡಿಯ ಆಸುಪಾಸು. ಮೇಲೆ ನಿಂತರೆ ಒಂದು ಬದಿಗೆ ಕಡಲು, ಇನ್ನೊಂದು ಬದಿಗೆ ಘಟ್ಟ. ಸಂಜೆ ಹೊತ್ತು ಬೈಕಿನಲ್ಲಿ ಬರುವವರು ಇಲ್ಲೂ ಇದ್ದಾರೆ.

ಹಿಮದ ಬೆಟ್ಟಕ್ಕೂ ಇವಕ್ಕೂ ಒಂದು ದೊಡ್ಡ ವ್ಯತ್ಯಾಸ ಇದೆ. ಅಲ್ಲಿ ಜನ ಬರುವ ಕಾಲಕ್ಕೆ ನೆಲದ ಮೇಲೆ ಹಿಮದ ಹೊದಿಕೆ ಇರುತ್ತದೆ. ಹೊದಿಕೆ ದಪ್ಪವಿದ್ದಷ್ಟೂ ಕೆಳಗಿನ ಹುಲ್ಲಿಗೂ ಮಣ್ಣಿಗೂ ರಕ್ಷಣೆ. ನಮ್ಮಲ್ಲಿ ಗುಡ್ಡೆ ಚಂದ ಕಾಣುವುದು ಮಳೆಗಾಲದ ಕೊನೆಗೆ, ಹುಲ್ಲು ಹಸುರಾಗಿ, ಮಂಜು ಇಳಿದಿರುವಾಗ. ಮಣ್ಣು ಅತ್ಯಂತ ಮೆತ್ತಗಿರುವುದೂ ಆಗಲೇ. ಹಾಗಾಗಿ ಇಲ್ಲಿ ಪ್ರತಿಯೊಂದು ಹೆಜ್ಜೆ ನೇರವಾಗಿ ಜೀವಂತ ನೆಲದ ಮೇಲೆ ಬೀಳುತ್ತದೆ. ಹುಲ್ಲು ಸವೆದ ದಾರಿಯಲ್ಲಿ ಮುಂದಿನ ಮಳೆಗೆ ನೀರು ಚರಂಡಿ ಕೊರೆದುಕೊಂಡು ಓಡುತ್ತದೆ, ಇಂಗುವುದಿಲ್ಲ.

ಇಂಗದಿದ್ದರೆ ಏನು? ಇದಕ್ಕೆ ಉತ್ತರ ಗುಡ್ಡೆಯ ಹೊಟ್ಟೆಯೊಳಗಿದೆ. ಉತ್ತರದ ಈ ಗುಡ್ಡೆಗಳ ಮೇಲ್ಪದರ ಮುರಕಲ್ಲು. ಫ್ರಾನ್ಸಿಸ್ ಬುಕನನ್ 1800-01ರ ತನ್ನ ಪ್ರವಾಸದಲ್ಲಿ ಮಲಬಾರಿನ ಅಂಗಾಡಿಪುರದ ಬಳಿ ಇದನ್ನು ಕಂಡು ‘ಲ್ಯಾಟರೈಟ್’ ಎಂದು ಹೆಸರಿಟ್ಟ. ಮುರಕಲ್ಲಿನಲ್ಲಿ ತೂತುಗಳು ಹೆಚ್ಚು, ಮಳೆನೀರು ಅದರೊಳಗೆ ಇಳಿಯುತ್ತದೆ. ಕೆಳಗೆ ಜೇಡಿಮಣ್ಣಿನ ಪದರ ಸಿಕ್ಕಿದಲ್ಲಿ ತಡೆದು ನಿಂತು, ಅಡ್ಡಕ್ಕೆ ಜಿನುಗುತ್ತದೆ. ಆ ಜಿನುಗನ್ನು ಹಿಡಿಯುವುದಕ್ಕೆ ನಮ್ಮ ಹಿರಿಯರು ಕಂಡುಕೊಂಡದ್ದು ಸುರಂಗ. ಗುಡ್ಡೆಯ ಬದಿಯಿಂದ ಒಳಕ್ಕೆ, ಒಬ್ಬ ಮನುಷ್ಯ ಬಗ್ಗಿ ಹೋಗುವಷ್ಟು ಕೊರೆಯುತ್ತಾರೆ. ನೆಲ ಒಳಗಿನಿಂದ ಹೊರಕ್ಕೆ ತುಸುವೇ ಇಳಿಜಾರು, ಆದ್ದರಿಂದ ಪಂಪು ಬೇಡ, ಕರೆಂಟು ಬೇಡ. ಅಗೆಯುವವರು ಮೊಂಬತ್ತಿ ಹಚ್ಚಿಟ್ಟುಕೊಳ್ಳುತ್ತಾರೆ. ಅದು ನಂದಿತೆಂದರೆ ಒಳಗೆ ಉಸಿರಾಡಲು ಗಾಳಿ ಸಾಲದೆಂದು ಅರ್ಥ. ಜಿಲ್ಲೆಯಲ್ಲಿ ಇಂಥ ಸುರಂಗಗಳು ಸಾವಿರಾರು. ಬಾಯಾರು, ಪಡ್ರೆಯಂಥ ಕಡೆ ಕುಡಿಯುವುದಕ್ಕೂ ಅಡಿಕೆ ತೋಟಕ್ಕೂ ಈ ನೀರನ್ನೇ ನಂಬಿದ ಮನೆಗಳುಂಟು.

ಹಾಗಾದರೆ ನೆತ್ತಿಯ ಆ ಬೋಳು ಪಾದೆ ‘ಖಾಲಿ ಜಾಗ’ ಅಲ್ಲ. ಅದು ಕೆಳಗಿನ ಮನೆಗಳ ನೀರಿನ ಬಾಯಿ. ಮಳೆಗಾಲದಲ್ಲಿ ಪಾದೆಯ ಹೊಂಡಗಳಲ್ಲಿ ನಿಲ್ಲುವ ನೀರು, ಸುತ್ತಲಿನ ಮುಳಿಹುಲ್ಲು, ಎಲ್ಲವೂ ಆ ವ್ಯವಸ್ಥೆಯ ಭಾಗ. ಅಲ್ಲಿ ಕಾಂಕ್ರೀಟು ಹಾಸಿ ಪಾರ್ಕಿಂಗ್ ಮಾಡಿದರೆ, ಕೊಠಡಿಗಳಿಗೆಂದು ಬೋರ್‌ವೆಲ್ ಕೊರೆದರೆ, ಕಲ್ಲಿನ ಕೋರೆ ತೆರೆದರೆ, ಲೆಕ್ಕ ತಪ್ಪುವುದು ಕೆಳಗಿನ ತೋಟದಲ್ಲಿ, ಅದೂ ಏಪ್ರಿಲ್, ಮೇ ತಿಂಗಳಲ್ಲಿ.

ನೆತ್ತಿಯಿಂದ ಬುಡಕ್ಕೆ ಇಳಿಯುವುದು ನೀರು ಮಾತ್ರವೂ ಅಲ್ಲ. ಇದನ್ನು ಕಾಸರಗೋಡಿನವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಕೇರಳ ಪ್ಲಾಂಟೇಶನ್ ಕಾರ್ಪೊರೇಶನ್ನಿನ ಗೇರು ತೋಟಗಳಿದ್ದದ್ದು ಗುಡ್ಡೆಗಳ ಮೇಲೆ. 1970ರ ದಶಕದ ಉತ್ತರಾರ್ಧದಿಂದ 2000ದ ವರೆಗೆ ಅವುಗಳ ಮೇಲೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಸಿಂಪಡಿಸಿದರು. ಮನೆ, ತೋಡು, ಸುರಂಗಗಳಿದ್ದದ್ದು ಕೆಳಗೆ. ಎಣ್ಮಕಜೆ ಪಂಚಾಯತಿನ ಪಡ್ರೆಯಲ್ಲಿ ಡಾ. ವೈ.ಎಸ್. ಮೋಹನ ಕುಮಾರ್ ಮತ್ತು ಪತ್ರಕರ್ತ ಶ್ರೀ ಪಡ್ರೆ ಈ ಬಗ್ಗೆ ದನಿ ಎತ್ತಿದರು. ಸುಪ್ರೀಂ ಕೋರ್ಟು 2011ರಲ್ಲಿ ಎಂಡೋಸಲ್ಫಾನನ್ನು ನಿಷೇಧಿಸಿತು. 2017ರಲ್ಲಿ ಸಂತ್ರಸ್ತರಿಗೆ ತಲಾ 5 ಲಕ್ಷ ರೂಪಾಯಿ ಪರಿಹಾರಕ್ಕೆ ಆದೇಶಿಸಿತು. ರೆಸಾರ್ಟನ್ನು ವಿಷಕ್ಕೆ ಹೋಲಿಸುವುದು ನನ್ನ ಉದ್ದೇಶವಲ್ಲ. ಗುಡ್ಡೆಯ ಮೇಲಿನ ತೀರ್ಮಾನ ಯಾರದು, ಫಲ ಉಣ್ಣುವವರು ಯಾರು ಎಂಬುದನ್ನು ಈ ಜಿಲ್ಲೆ ಬೆಲೆ ತೆತ್ತು ಕಲಿತಿದೆ, ಆ ಕಾರಣಕ್ಕೆ ಹೇಳಿದೆ.

ಹಳೆಯ ವ್ಯವಸ್ಥೆಯಲ್ಲಿ ಈ ನಂಟಿಗೆ ಒಂದು ಹೆಸರೇ ಇತ್ತು: ಕುಮ್ಕಿ. 1956ರ ನವೆಂಬರ್ 1ಕ್ಕೆ ಮೊದಲು ಕಾಸರಗೋಡು ದಕ್ಷಿಣ ಕನ್ನಡ ಜಿಲ್ಲೆಗೆ ಸೇರಿತ್ತಲ್ಲ, ಆ ಜಿಲ್ಲೆಯ ಕಂದಾಯ ಪದ್ಧತಿಯಲ್ಲಿ ವರ್ಗ ಜಮೀನಿಗೆ ತಾಗಿದ 100 ಗಜದೊಳಗಿನ ಸರ್ಕಾರಿ ಜಾಗದಿಂದ ಸೊಪ್ಪು, ಹುಲ್ಲು, ಕಟ್ಟಿಗೆ ತರುವ ಹಕ್ಕು ಕೃಷಿಕನಿಗಿತ್ತು. ಜಾಗ ಅವನದಲ್ಲ, ಮಾರುವ ಹಾಗಿಲ್ಲ. ಆದರೆ ಗುಡ್ಡೆ ಇಲ್ಲದೆ ತೋಟ ಇಲ್ಲ ಎಂಬುದನ್ನು ಕಾನೂನು ಒಪ್ಪಿಕೊಂಡಿತ್ತು. ಈ ಪದ್ಧತಿಯಲ್ಲಿ ದೋಷ ಇರಲಿಲ್ಲ ಅಂತಲ್ಲ. ವರ್ಗದಾರನಿಗೆ ಸಿಕ್ಕಿದ್ದು ಭೂಮಿ ಇಲ್ಲದವರಿಗೆ ಸಿಗಲಿಲ್ಲ. ಆದರೂ ಅದರ ಒಳತತ್ವವನ್ನು ಇಂದಿಗೆ ಹೊಂದಿಸಿಕೊಳ್ಳಬಹುದು: ಗುಡ್ಡೆಯ ಮೇಲೆ ಏನೇ ಆಗಬೇಕಾದರೂ ಬುಡದ ಎಲ್ಲ ಮನೆಗಳ ಮಾತು, ಭೂಮಿ ಇದ್ದವರದೂ ಇಲ್ಲದವರದೂ, ಗ್ರಾಮಸಭೆಯಲ್ಲಿ ಮೊದಲು ಕೇಳಿಬರಬೇಕು.

ಹಾಗೆಂದು ಗುಡ್ಡೆಗೆ ಯಾರೂ ಹೋಗಬಾರದೇ? ಹೋಗಲಿ. ಕೆಳಗೆ ಚಹಾದಂಗಡಿಗೆ, ಜೀಪಿನವರಿಗೆ ನಾಲ್ಕು ಕಾಸು ಸಿಗಲಿ. ವಾಹನ ಬುಡದಲ್ಲೇ ನಿಲ್ಲಲಿ, ಕಟ್ಟಡವೂ ಬುಡದಲ್ಲೇ ಇರಲಿ. ಪಾದೆಯ ಮೇಲೆ ಸಿಮೆಂಟು, ಬೋರ್‌ವೆಲ್ ಬೇಡ. ನಡೆಯುವ ದಾರಿ ಒಂದೇ ಇರಲಿ, ಮಣ್ಣು ಮೆತ್ತಗಿರುವ ವಾರಗಳಲ್ಲಿ ಜನರ ಸಂಖ್ಯೆಗೆ ಮಿತಿ ಇರಲಿ. ರಾಣಿಪುರದಂತೆ ಸ್ಥಳೀಯ ಸಮಿತಿಯೊಂದು ಟಿಕೆಟಿನ ಹೊಣೆಯಲ್ಲಿ ಪಾಲು ಪಡೆಯುವ ಕ್ರಮ ಉತ್ತರದ ಗುಡ್ಡೆಗಳಿಗೂ ಹೊಂದುತ್ತದೆ. ಜೊತೆಗೆ ಒಂದು ಕೆಲಸವನ್ನು ನಮ್ಮಂಥ ವಿದ್ಯಾರ್ಥಿಗಳೇ ಮಾಡಬಹುದು: ಒಂದು ಗುಡ್ಡೆಯನ್ನು ಆರಿಸಿ, ಅದರ ಬುಡದ ಸುರಂಗಗಳನ್ನು ಭೂಪಟದಲ್ಲಿ ಗುರುತಿಸಿ, ಬೇಸಿಗೆಯಲ್ಲಿ ಪ್ರತಿಯೊಂದರಲ್ಲಿ ಒಂದು ಕೊಡ ತುಂಬಲು ಎಷ್ಟು ಹೊತ್ತು ಹಿಡಿಯುತ್ತದೆ ಅಂತ ಬರೆದಿಡುವುದು. ನಾಲ್ಕೈದು ವರ್ಷ ಹೀಗೆ ಬರೆದಿಟ್ಟರೆ, ಮೇಲೆ ಯೋಜನೆ ಬಂದ ದಿನ ಗ್ರಾಮಸಭೆಯ ಮುಂದಿಡಲು ಒಂದು ದಾಖಲೆ ಇರುತ್ತದೆ.

ನನ್ನ ಮಾತು ಇಲ್ಲಿಗೆ ಮುಗಿಯಿತು. ಪ್ರಶ್ನೆಗಳಿದ್ದರೆ ಚಾಟ್‌ನಲ್ಲಿ ಹಾಕಿ. ನಿಮ್ಮ ಮನೆಯ ಹಿಂದೆ ಸುರಂಗವಿದ್ದರೆ ಅದನ್ನೂ ದಯವಿಟ್ಟು ತಿಳಿಸಿ.